ಬೀಗ ಬಿದ್ದ ನಗು

ಪಿಯೆರ್ ಎತೆಕ್ಸ್ ಅನ್ನೋ ಹೆಸರು ಕೇಳಿದ್ದೀರಾ? ಕೇಳಿಲ್ಲ ಅಂದರೆ ಸಂಕೋಚ ಬೇಡ. ಫ್ರಾನ್ಸಿನಲ್ಲೇ ಎಷ್ಟೋ ಜನ ಸಿನಿಮಾ ಹುಚ್ಚರು ಇವನ ಒಂದು ಚಿತ್ರವನ್ನೂ ನೋಡದೆ ದೊಡ್ಡವರಾದರು. ಹಾಗಂತ ಮನುಷ್ಯ ಸಾಮಾನ್ಯದವನಲ್ಲ. ಆಸ್ಕರ್ ಗೆದ್ದವನು. ಐದು ಪೂರ್ಣಾವಧಿ ಚಿತ್ರ ಮಾಡಿದವನು. ಅದರಲ್ಲಿ ನಾಲ್ಕಕ್ಕೆ ಬರವಣಿಗೆಯಲ್ಲೂ ಅವನ ಕೈ, ನಿರ್ದೇಶನವೂ ಅವನದೇ, ಹೀರೋನೂ ಅವನೇ. ಹಾಗಿದ್ದೂ ವರ್ಷಗಟ್ಟಲೆ ಆ ಚಿತ್ರಗಳು ಚಲಾವಣೆಯಲ್ಲೇ ಇರಲಿಲ್ಲ. ಸುಟ್ಟುಹೋಗಿರಲಿಲ್ಲ, ಕಳೆದುಹೋಗಿರಲಿಲ್ಲ. ಹಕ್ಕು ಯಾರದ್ದು ಅನ್ನೋ ಕಾಗದಪತ್ರದ ಗೋಜಲಿನಲ್ಲಿ ಸಿಕ್ಕಿಕೊಂಡು ಕೂತಿದ್ದವು.

ನನಗೆ ಈ ಹೆಸರು ಸಿಕ್ಕಿದ್ದು ಜಾಕ್ ತಾತಿಯ ಬಗ್ಗೆ ಓದುವಾಗ. ತಾತಿಯ ಸಹಾಯಕ, ಆಮೇಲೆ ಸ್ವಂತ ಚಿತ್ರ ಮಾಡಿದ, ಅದರಲ್ಲಿ 'ಯೋಯೋ' ಅನ್ನೋದು ಬಹಳ ಚೆನ್ನಾಗಿದೆ ಅಂತ ಒಂದೆರಡು ಸಾಲು. ಆಗಿನ್ನೂ ಡಿವಿಡಿ ಕಾಲ. ನಾನು ಹೋಗುತ್ತಿದ್ದ ಅಂಗಡಿಯವನು ಜಗತ್ತಿನ ಸಿನಿಮಾನೆಲ್ಲ ಬೆರಳ ತುದಿಯಲ್ಲಿಟ್ಟುಕೊಂಡಿದ್ದ. ಕುರೊಸಾವಾ ಅಂದರೆ ಎಡಗಡೆ ರಾಕು, ಬರ್ಗ್‌ಮನ್ ಅಂದರೆ ಮೇಲಿನ ರಾಕು. ಎತೆಕ್ಸ್ ಅಂದಾಗ ಮಾತ್ರ ತಲೆ ಕೆರೆದುಕೊಂಡ. "ತಾತಿ ಬೇಕಾದ್ರೆ ನಾಲ್ಕು ಕೊಡ್ತೀನಿ ಸಾರ್, ಇವ್ನು ಯಾರು ಸಾರ್?" ಅಂದ. ಪಾಪ, ಅವನಾದರೂ ಎಲ್ಲಿಂದ ತರಬೇಕಿತ್ತು? ಚಿತ್ರ ಮಾಡಿದವನ ಕೈಗೇ ಸಿಗದ ಚಿತ್ರಗಳು ಅವು.

ಎತೆಕ್ಸ್ ಹುಟ್ಟಿದ್ದು 1928ರಲ್ಲಿ, ಮಧ್ಯ ಫ್ರಾನ್ಸಿನ ರೋಆನ್ ಅನ್ನೋ ಊರಲ್ಲಿ. ಚಿಕ್ಕಂದಿನಿಂದ ಎರಡು ಹುಚ್ಚು. ಒಂದು ಚಿತ್ರ ಬಿಡಿಸೋದು, ಇನ್ನೊಂದು ಸರ್ಕಸ್ಸಿನ ಜೋಕರ್. ಚರ್ಚಿನ ಕಿಟಕಿಗಳಿಗೆ ಬಣ್ಣದ ಗಾಜು ಕೂರಿಸುವ ಕಲೆಯನ್ನು ಒಬ್ಬ ಕುಶಲಕರ್ಮಿಯ ಹತ್ತಿರ ಕಲಿತ. ಪ್ಯಾರಿಸ್ಸಿಗೆ ಬಂದು ಪತ್ರಿಕೆಗಳಿಗೆ ಚಿತ್ರ ಬರೆದುಕೊಂಡು, ರಾತ್ರಿ ಹೊತ್ತು ಸಣ್ಣಪುಟ್ಟ ವೇದಿಕೆಗಳ ಮೇಲೆ ಜನರನ್ನ ನಗಿಸಿಕೊಂಡು ಇದ್ದ. 1954ರ ಸುಮಾರಿಗೆ ತಾತಿಯ ಪರಿಚಯವಾಯಿತು. ತಾತಿ ಆಗ 'ಮೋನ್ ಓಂಕ್ಲ್' ಚಿತ್ರಕ್ಕೆ, ಅಂದರೆ 'ನನ್ನ ಮಾವ' ಅನ್ನಬಹುದಾದ ಚಿತ್ರಕ್ಕೆ, ತಯಾರಿ ಮಾಡ್ತಿದ್ದ. ಎತೆಕ್ಸ್‌ನ ಕೆಲಸ ತಮಾಷೆಗಳನ್ನ ಹೊಸೆಯೋದು, ಅವನ್ನ ಕಾಗದದ ಮೇಲೆ ಬರೆದು ತೋರಿಸೋದು. ಕೊನೆಗೆ ಆ ಚಿತ್ರದ ಪೋಸ್ಟರ್ ಬರೆದವನೂ ಇವನೇ.

ನಾಲ್ಕು ವರ್ಷದ ಆ ಗುರುಕುಲವಾಸದಲ್ಲಿ ಒಬ್ಬ ಗೆಳೆಯನೂ ಸಿಕ್ಕಿದ. ತಾತಿಯ ಚಿತ್ರಗಳನ್ನು ಕಾದಂಬರಿ ರೂಪಕ್ಕೆ ಇಳಿಸಲು ಒಬ್ಬ ಹುಡುಗನನ್ನು ಹಿಡಿದು ತಂದಿದ್ದರು. ಪುಸ್ತಕಕ್ಕೆ ಚಿತ್ರ ಬರೆಯೋದು ಎತೆಕ್ಸ್‌ನ ಪಾಲಿಗೆ ಬಂತು. ಆ ಹುಡುಗನ ಹೆಸರು ಝಾನ್ ಕ್ಲೋದ್ ಕ್ಯಾರಿಯೇರ್. ಹೌದು, ಅದೇ ಕ್ಯಾರಿಯೇರ್. ಮುಂದೆ ಬುನ್ಯುಯೆಲ್‌ಗೆ ಚಿತ್ರಕಥೆಗಳನ್ನು ಬರೆದವನು, 1985ರಲ್ಲಿ ಪೀಟರ್ ಬ್ರೂಕ್ ಆಡಿಸಿದ ಒಂಬತ್ತು ಗಂಟೆಯ 'ಮಹಾಭಾರತ' ನಾಟಕ ಬರೆದವನು, ನಮ್ಮ ಸರ್ಕಾರ 2015ರಲ್ಲಿ ಪದ್ಮಶ್ರೀ ಕೊಟ್ಟಿದ್ದು ಇವನಿಗೇ. ವ್ಯಾಸ, ಗಣಪತಿ, ಭೀಷ್ಮ ಅಂತ ತಲೆ ಕೆಡಿಸಿಕೊಳ್ಳುವ ಎಷ್ಟೋ ವರ್ಷ ಮೊದಲು ಈ ಮಹಾನುಭಾವ, ಒಬ್ಬ ಮನುಷ್ಯ ಕುರ್ಚಿಯಲ್ಲಿ ಎಷ್ಟು ಥರ ಕೂರಬಹುದು, ಎಷ್ಟು ಥರ ಬೀಳಬಹುದು ಅಂತ ಎತೆಕ್ಸ್ ಜೊತೆ ಕೂತು ಲೆಕ್ಕ ಹಾಕ್ತಿದ್ದ.

ಮಧ್ಯೆ ಇನ್ನೊಂದು ಸ್ವಾರಸ್ಯ ಇದೆ. 1959ರಲ್ಲಿ ರೋಬೇರ್ ಬ್ರೆಸ್ಸೊನ್ 'ಪಿಕ್‌ಪಾಕೆಟ್' ಮಾಡಿದಾಗ, ಅದರಲ್ಲಿ ಕಿಸೆಗಳ್ಳರ ಗುಂಪಿನ ಒಬ್ಬನಾಗಿ ಎತೆಕ್ಸ್ ಇದ್ದಾನೆ. ಬ್ರೆಸ್ಸೊನ್ ನಟನೆ ಅಂದರೆ ಮುಖ ಸಿಂಡರಿಸುವವನು. ಮುಖದಲ್ಲಿ ಏನೂ ತೋರಿಸಬೇಡಿ, ಕೈ ಮಾತ್ರ ಕೆಲಸ ಮಾಡಲಿ ಅನ್ನುವ ಪೈಕಿ. ಒಂದು ಕೋಟಿನ ಒಳಜೇಬಿನಿಂದ ಇನ್ನೊಂದು ಕೈಗೆ, ಅಲ್ಲಿಂದ ಮತ್ತೊಂದು ಕೈಗೆ ಪರ್ಸು ಹರಿದುಹೋಗುವ ಆ ದೃಶ್ಯ ನೋಡಿದವರಿಗೆ ಮರೆಯೋದಿಲ್ಲ. ನಗಿಸುವ ತಾತಿ, ನಗದ ಬ್ರೆಸ್ಸೊನ್. ಇಬ್ಬರ ಹತ್ತಿರವೂ ಎತೆಕ್ಸ್ ಕಲಿತಿದ್ದು ಒಂದೇ ಪಾಠ ಅನ್ನಿಸುತ್ತೆ ನನಗೆ: ಮುಖ ಸುಮ್ಮನಿರಲಿ, ಕೈ ಹೇಳಲಿ. ಅವನ ಚಿತ್ರಗಳನ್ನು ನೋಡಿ. ಯಾವಾಗಲೂ ನೀಟಾದ ಸೂಟು, ಟೈ, ಒಪ್ಪವಾಗಿ ಬಾಚಿದ ತಲೆ, ಕಲ್ಲಿನಂಥ ಮುಖ. ಸುತ್ತ ಪ್ರಪಂಚ ಕುಸಿದು ಬೀಳ್ತಿದ್ದರೂ ಈತ ಮರ್ಯಾದಸ್ಥನ ಥರ ಟೈ ಸರಿಮಾಡಿಕೊಳ್ತಾನೆ. ನಮಗೆ ನಗು ಬರೋದು ಅಲ್ಲೇ.

1961ರಲ್ಲಿ ಎತೆಕ್ಸ್, ಕ್ಯಾರಿಯೇರ್ ಸೇರಿ ಮೊದಲ ಕಿರುಚಿತ್ರ ಮಾಡಿದರು. ಪ್ರೇಯಸಿ ಸಂಬಂಧ ಮುರಿದು ಕಾಗದ ಬರೆದಿದ್ದಾಳೆ. ಇವನು ಉತ್ತರ ಬರೆಯೋಕೆ ಕೂರ್ತಾನೆ. ಅಷ್ಟೇ ಕಥೆ. ಪೆನ್ನು, ಶಾಯಿ, ಸ್ಟ್ಯಾಂಪು, ಮೇಜು ಎಲ್ಲ ಒಟ್ಟಾಗಿ ಇವನ ಮೇಲೆ ದಂಗೆ ಏಳುತ್ತವೆ. ಎರಡನೆಯದು ಮದುವೆ ವಾರ್ಷಿಕೋತ್ಸವದ ಕುರಿತಾದ ಚಿತ್ರ, ಹೆಸರು 'ಎರೋ ಅನಿವರ್ಸೇರ್'. 1963ರಲ್ಲಿ ಆಸ್ಕರ್ ಬಂದಿದ್ದು ಇದಕ್ಕೆ. ಕಾಲು ಗಂಟೆಯೂ ಇಲ್ಲ. ಹೆಂಡತಿ ಮನೆಯಲ್ಲಿ ಮೇಜು ಅಲಂಕರಿಸಿ ಕಾಯ್ತಿದ್ದಾಳೆ. ಗಂಡ ಉಡುಗೊರೆ, ಹೂವು ಅಂತ ತಗೊಂಡು ಹೊರಟಿದ್ದಾನೆ. ನಡುವೆ ಪ್ಯಾರಿಸ್ಸಿನ ಟ್ರಾಫಿಕ್.

ಬೆಂಗಳೂರಿನಲ್ಲಿ ಇರುವವರಿಗೆ ಈ ಚಿತ್ರಕ್ಕೆ ಪೀಠಿಕೆ ಬೇಕಿಲ್ಲ. ಒಂದು ರಾತ್ರಿ ಊಟ ಆದ ಮೇಲೆ ಅಮ್ಮನಿಗೆ ತೋರಿಸಿದೆ. ಅಮ್ಮನಿಗೆ ಫ್ರೆಂಚ್ ಹಾಗಿರಲಿ, ಇಂಗ್ಲಿಷ್ ಸಬ್‌ಟೈಟಲ್ಲೂ ಓದೋಕೆ ಬರಲ್ಲ. ಬೇಕಾಗಲೂ ಇಲ್ಲ, ಅದರಲ್ಲಿ ಮಾತೇ ಕಡಿಮೆ. ನಾನು ಕಾರುಗಳ ಗೋಜಲು ನೋಡಿ ನಗ್ತಿದ್ದೆ. ಒಬ್ಬನ ಕಾರು ತೆಗೆಯೋವರೆಗೆ ಇನ್ನೊಬ್ಬನದು ಅಲುಗಾಡೋ ಹಾಗಿಲ್ಲ, ಅರ್ಧ ಗಡ್ಡ ಕೆರೆಸಿಕೊಂಡವನೊಬ್ಬ ಮುಖದ ತುಂಬ ನೊರೆ ಇಟ್ಟುಕೊಂಡು ಬೀದಿಗೆ ಓಡಿಬರ್ತಾನೆ. ಅಮ್ಮ ಅದಕ್ಕೆಲ್ಲ ಸುಮ್ಮನಿದ್ದರು. ಅತ್ತ ಮನೆಯಲ್ಲಿ ಕಾದು ಕಾದು ಸಾಕಾದ ಹೆಂಡತಿ ಒಂದೊಂದೇ ತಿಂಡಿ ಬಾಯಿಗೆ ಹಾಕಿಕೊಳ್ಳೋಕೆ ಶುರು ಮಾಡಿದಳು ನೋಡಿ, ಅಮ್ಮ ಜೋರಾಗಿ ನಕ್ಕರು. "ಸರಿಯಾಗ್ ಮಾಡಿದ್ಲು ಕಣೋ! ನಿಮ್ಮಪ್ಪನ್ನ ಕಾಯ್ಕೊಂಡು ನಾನೆಷ್ಟು ರಾತ್ರಿ ತಣ್ಣಗಾದ ಸಾರು ಉಂಡಿಲ್ಲ. ಇವ್ಳ ಬುದ್ಧಿ ನಂಗ್ಯಾಕೆ ಬರ್ಲಿಲ್ವೋ."

ನಾನು ರಸ್ತೆಯ ಚಿತ್ರ ನೋಡ್ತಿದ್ದೆ, ಅಮ್ಮ ಊಟದ ಮೇಜಿನ ಚಿತ್ರ ನೋಡ್ತಿದ್ದರು. ಎರಡೂ ಅದೇ ಚಿತ್ರದಲ್ಲಿ ಇವೆ, ಅಳೆದು ತೂಗಿ ಅರ್ಧರ್ಧ. ಅರವತ್ತರ ದಶಕದ ಪ್ಯಾರಿಸ್ಸಿನವನೊಬ್ಬ ಹೊಸೆದ ತಮಾಷೆಯಲ್ಲಿ ನಮ್ಮ ಅಡುಗೆಮನೆಯ ಹಳೇ ಲೆಕ್ಕವೊಂದು ಹೊರಗೆ ಬಂತು. ಪಕ್ಕದಲ್ಲಿ ಪೇಪರ್ ಓದ್ತಿದ್ದ ಅಪ್ಪ ಪುಟ ತಿರುಗಿಸಿದರು, ತಲೆ ಎತ್ತಲಿಲ್ಲ.

ಕಿರುಚಿತ್ರಗಳಾದ ಮೇಲೆ ಎತೆಕ್ಸ್‌ನ ದಾರಿ ಸಲೀಸಾಯಿತು. ಮೊದಲ ಪೂರ್ಣಾವಧಿ ಚಿತ್ರ 'ಲ ಸೂಪಿರಾಂ'. ಸದಾ ಗ್ರಹ, ನಕ್ಷತ್ರ ಅಂತ ಕೋಣೆಯೊಳಗೆ ಕೂತಿರುವ ಶ್ರೀಮಂತರ ಮಗ. ಅಪ್ಪ ಅಮ್ಮ ಮದುವೆಯಾಗು ಅಂತಾರೆ. ಸರಿ ಅಂತ ಹೆಣ್ಣು ಹುಡುಕೋಕೆ ಬೀದಿಗೆ ಇಳೀತಾನೆ. ಟಿವಿಯಲ್ಲಿ ಕಂಡ ಗಾಯಕಿಗೆ ಮರುಳಾಗ್ತಾನೆ. ಮನೆಯಲ್ಲೇ ಇರುವ ಸ್ವೀಡನ್ನಿನ ಹುಡುಗಿ ಅವನ ಕಣ್ಣಿಗೇ ಬೀಳಲ್ಲ. ಕಥೆ ಕೇಳಿದರೆ ನಮ್ಮ ಹಳೇ ಕಾಮಿಡಿ ಸಿನಿಮಾದ ಹಾಗಿದೆ ಅಲ್ವಾ? ಆದರೆ ಒಂದೊಂದು ದೃಶ್ಯವನ್ನೂ ಗಡಿಯಾರ ರಿಪೇರಿಯವನ ಥರ ಜೋಡಿಸಿದ್ದಾನೆ. ಆ ಚಿತ್ರಕ್ಕೆ ಫ್ರಾನ್ಸಿನ ಲೂಯಿ ದೆಲ್ಯುಕ್ ಪ್ರಶಸ್ತಿ ಬಂತು.

ಆಮೇಲೆ 1965ರಲ್ಲಿ 'ಯೋಯೋ'. ಇದು ಅವನ ಜೀವ. 1925ರಲ್ಲಿ ಶುರುವಾಗುತ್ತೆ. ದೊಡ್ಡ ಬಂಗಲೆ, ಅದರ ತುಂಬ ಆಳುಗಳು, ಒಬ್ಬನೇ ಕುಬೇರ. ಮೂಕಿ ಕಾಲದ ಕಥೆ ಅಂತ ಮಾತೇ ಇಲ್ಲ, ಬಾಗಿಲುಗಳು ಮಾತ್ರ ವಿಕಾರವಾಗಿ ಕಿರುಗುಟ್ಟುತ್ತವೆ. ಒಂದು ದಿನ ಸರ್ಕಸ್ ಬರುತ್ತೆ. ಅದರಲ್ಲಿ ಕುದುರೆ ಸವಾರಿ ಮಾಡುವವಳು ಇವನ ಹಳೆಯ ಪ್ರೇಯಸಿ. ಜೊತೆಯಲ್ಲಿ ಒಬ್ಬ ಪುಟ್ಟ ಹುಡುಗ, ಇವನದೇ ಮಗ. 1929ರಲ್ಲಿ ಷೇರುಪೇಟೆ ಮುಳುಗಿದಾಗ ಕುಬೇರ ಎಲ್ಲ ಕಳಕೊಂಡು ಅವರ ಜೊತೆ ರಸ್ತೆಗೆ ಬೀಳ್ತಾನೆ. ವಿಚಿತ್ರ ಅಂದರೆ ಚಿತ್ರ ಅಲ್ಲಿಂದಲೇ ಹಗುರಾಗುತ್ತೆ. ಟಾಕಿ ಯುಗ ಬಂತು ಅಂತ ಪಾತ್ರಗಳೂ ಮಾತಾಡ್ತವೆ. ಮಗ ಬೆಳೆದು ಯೋಯೋ ಅನ್ನೋ ಹೆಸರಾಂತ ಜೋಕರ್ ಆಗ್ತಾನೆ. ಅಪ್ಪನೂ ಎತೆಕ್ಸೇ, ಬೆಳೆದ ಮಗನೂ ಎತೆಕ್ಸೇ. ದುಡ್ಡು ಸೇರಿಸಿ ಹಳೇ ಬಂಗಲೆಯನ್ನ ಮತ್ತೆ ಎಬ್ಬಿಸಿ ನಿಲ್ಲಿಸ್ತಾನೆ, ದೊಡ್ಡವರನ್ನೆಲ್ಲ ಕರೆದು ಪಾರ್ಟಿ ಕೊಡ್ತಾನೆ. ಆ ಪಾರ್ಟಿಗೆ ಒಂದು ಆನೆ ನುಗ್ಗುತ್ತೆ. ಯೋಯೋ ಅದರ ಜೊತೆ ಹೊರಟುಬಿಡ್ತಾನೆ.

1969ರ 'ಲ ಗ್ರಾಂದ್ ಅಮೂರ್' ಬಣ್ಣದ ಚಿತ್ರ. ಸಣ್ಣ ಊರು, ಮಾವನ ಕಾರ್ಖಾನೆಯಲ್ಲಿ ಕೆಲಸ, ಒಳ್ಳೆ ಹೆಂಡತಿ, ಆಮೇಲೆ ಆಫೀಸಿಗೆ ಬರುವ ಹೊಸ ಹುಡುಗಿ. ಇದರಲ್ಲಿ ಎರಡು ದೃಶ್ಯ ನೋಡಿದವರು ಊರೆಲ್ಲ ಹೇಳಿಕೊಂಡು ಬರ್ತಾರೆ. ಒಂದು, ಊರಿನ ಅಜ್ಜಿಯರ ಗಾಳಿಮಾತು. ಈತ ದಾರಿಯಲ್ಲಿ ಯಾರಿಗೋ ನಮಸ್ಕಾರ ಹೇಳಿದ್ದು ಬಾಯಿಂದ ಬಾಯಿಗೆ ಹೋಗ್ತಾ ಎಲ್ಲಿಗೆ ಮುಟ್ಟುತ್ತೆ ಅನ್ನೋದನ್ನ, ಪ್ರತಿ ಸಲ ಹೊಸ ಆವೃತ್ತಿಯಾಗಿ ಆಡಿಯೇ ತೋರಿಸ್ತಾನೆ. ಇನ್ನೊಂದು ಕನಸು. ಮಲಗಿದ್ದ ಮಂಚ ಮೆಲ್ಲಗೆ ಮನೆಯಿಂದ ಹೊರಟು ಹಳ್ಳಿ ರಸ್ತೆಗೆ ಬರುತ್ತೆ. ನೋಡಿದರೆ ರಸ್ತೆ ತುಂಬ ಮಂಚಗಳು. ಕೆಟ್ಟು ನಿಂತ ಮಂಚದ ಕೆಳಗೆ ಮಲಗಿ ರಿಪೇರಿ ಮಾಡುವವನು, ಡಿಕ್ಕಿ ಹೊಡಕೊಂಡು ಜಗಳಕ್ಕೆ ನಿಂತವರು, ಎಲ್ಲ ಇದ್ದಾರೆ. ಒಬ್ಬ ಗಂಡಸಿನ ಕಳ್ಳ ಆಸೆ ಎಷ್ಟು ಸಾಮಾನ್ಯವಾದದ್ದು, ಅದಕ್ಕೂ ಟ್ರಾಫಿಕ್ ಇದೆ ಅಂತ ಇಷ್ಟು ಮೆತ್ತಗೆ ಹೇಳಿದ್ದನ್ನ ನಾನು ಬೇರೆಲ್ಲೂ ನೋಡಿಲ್ಲ.

ಆ ಚಿತ್ರದಲ್ಲಿ ಹೆಂಡತಿಯ ಪಾತ್ರ ಮಾಡಿದವಳು ಆನಿ ಫ್ರಾತೆಲ್ಲಿನಿ. ನಿಜಜೀವನದಲ್ಲೂ ಇವನನ್ನ ಮದುವೆಯಾದಳು. ಫ್ರಾತೆಲ್ಲಿನಿ ಅಂದರೆ ಯುರೋಪಿನ ಸರ್ಕಸ್ ಲೋಕದಲ್ಲಿ ನಮ್ಮ ಗುಬ್ಬಿ ಕಂಪನಿ ಅಂದ ಹಾಗೆ, ದೊಡ್ಡ ಮನೆತನ. ಇದನ್ನ ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತೆ.

ಏಕೆಂದರೆ ಇಲ್ಲಿಂದ ಮುಂದೆ ಇಳಿಜಾರು. 1971ರಲ್ಲಿ ಬಿಡುಗಡೆಯಾದ 'ಪೇಯಿ ದ ಕೊಕಾಂಞ್' ಕಥಾಚಿತ್ರ ಅಲ್ಲ. ಬೇಸಿಗೆ ರಜೆಗೆ ಅಂತ ಸಮುದ್ರ ದಂಡೆಯಲ್ಲಿ ಟೆಂಟು ಹಾಕಿಕೊಂಡ ಫ್ರೆಂಚ್ ಜನ, ಅವರ ಹೊಟ್ಟೆ, ಅವರ ಆಟ, ರೇಡಿಯೋದವರು ನಡೆಸುವ ಹಾಡಿನ ಸ್ಪರ್ಧೆಯಲ್ಲಿ ಅಪಸ್ವರ ಎಳೆಯುವವರು, ಎಲ್ಲವನ್ನೂ ಹಾಗೇ ಹಿಡಿದು ಜೋಡಿಸಿದ ಸಾಕ್ಷ್ಯಚಿತ್ರ. ವಿಮರ್ಶಕರು ಹರಿಹಾಯ್ದರು. ತಮ್ಮನ್ನೇ ಗೇಲಿ ಮಾಡ್ತಿದ್ದಾನೆ ಅಂತ ಜನಕ್ಕೂ ಸಿಟ್ಟು. ಅಲ್ಲಿಯವರೆಗೆ ತನ್ನನ್ನು ತಾನೇ ಬೀಳಿಸಿಕೊಂಡು ನಗಿಸುತ್ತಿದ್ದವನು ಈ ಸಲ ಕ್ಯಾಮರಾ ಎದುರುಗಡೆಗೆ ತಿರುಗಿಸಿದ್ದ. ಜೋಕರ್ ಬಿದ್ದರೆ ಎಲ್ಲರೂ ನಗ್ತಾರೆ, ಜೋಕರ್ ನಮ್ಮ ಕಡೆ ಬೆರಳು ಮಾಡಿದರೆ ಯಾರೂ ನಗಲ್ಲ. ಚಿತ್ರಮಂದಿರಕ್ಕೆ ಅಂತ ಪೂರ್ಣಾವಧಿ ಚಿತ್ರ ಮಾಡುವ ಅವಕಾಶ ಎತೆಕ್ಸ್‌ಗೆ ಮತ್ತೆ ಸಿಗಲಿಲ್ಲ. ಆಗ ಅವನಿಗೆ 42 ವರ್ಷ. ಮುಂದೆ 45 ವರ್ಷ ಬದುಕಿದ್ದ.

ಇಲ್ಲಿಗೆ ಕಥೆ ಮುಗಿಸಿ ಅಯ್ಯೋ ಪಾಪ ಅನ್ನಬಹುದಿತ್ತು. ಆದರೆ ಈ ಮನುಷ್ಯ ಕಾಯ್ತಾ ಕೂರಲಿಲ್ಲ. ಯೋಯೋ ಆನೆ ಜೊತೆ ಹೊರಟ ಹಾಗೆ ಇವನೂ ಸರ್ಕಸ್ಸಿಗೆ ಹೊರಟ. ಎಪ್ಪತ್ತರ ದಶಕದ ಮೊದಲರ್ಧದಲ್ಲಿ ಆನಿ ಜೊತೆ ಸೇರಿ ಪ್ಯಾರಿಸ್ಸಿನಲ್ಲಿ ಸರ್ಕಸ್ ಶಾಲೆ ತೆರೆದ. ಅಲ್ಲಿಯವರೆಗೆ ಆ ವಿದ್ಯೆ ಹೆಚ್ಚಾಗಿ ಮನೆತನಗಳ ಒಳಗೇ, ಅಪ್ಪನಿಂದ ಮಗನಿಗೆ ಹೋಗ್ತಿತ್ತು. ಸರ್ಕಸ್ಸಿನಲ್ಲಿ ಹುಟ್ಟದ ಮಕ್ಕಳಿಗೂ ಅದನ್ನ ಹೇಳಿಕೊಡೋಕೆ ಇವರು ಬಾಗಿಲು ತೆಗೆದರು.

ರಿಂಗಿನೊಳಗೆ ಅವನು ಆರಿಸಿಕೊಂಡ ಪಾತ್ರ ನೋಡಿ. ಫ್ರೆಂಚ್ ಸರ್ಕಸ್ಸಿನಲ್ಲಿ ಜೋಕರ್‌ಗಳು ಜೋಡಿಯಾಗಿ ಬರ್ತಾರೆ. ಒಬ್ಬ ಬಿಳಿ ಮುಖದವನು, ಮಿಂಚುವ ಬಟ್ಟೆ, ಗತ್ತು, ಮೇಷ್ಟರ ಥರ ಗದರಿಸುವವನು. ಇನ್ನೊಬ್ಬ ಕೆಂಪು ಮೂಗಿನವನು, ದೊಗಲೆ ಬಟ್ಟೆ, ಬೈಸಿಕೊಳ್ಳೋದು ಬೀಳೋದು ಎಲ್ಲ ಅವನದೇ. ಜನ ಪ್ರೀತಿ ಮಾಡೋದು ಕೆಂಪು ಮೂಗಿನವನನ್ನ. ಆ ಕಾಲದಲ್ಲಿ ಕೆಂಪು ಮೂಗು ಹಾಕಿಕೊಳ್ಳುವ ಹೆಂಗಸರು ಇಲ್ಲವೇ ಇಲ್ಲ ಅನ್ನುವಷ್ಟು ಕಡಿಮೆ. ಎತೆಕ್ಸ್ ಬಿಳಿ ಮುಖ ಬಳಿದುಕೊಂಡು ನೆಟ್ಟಗೆ ನಿಂತ, ಕೆಂಪು ಮೂಗು ಆನಿಗೆ ಕೊಟ್ಟ. ತೆರೆಯ ಮೇಲೆ ಅಷ್ಟು ವರ್ಷ ತಾನೇ ಎಡವಿ ಚಪ್ಪಾಳೆ ಗಿಟ್ಟಿಸಿದವನು, ರಿಂಗಿನಲ್ಲಿ ಹೆಂಡತಿಯ ತಮಾಷೆಗೆ ಗೋಡೆಯಾಗಿ ನಿಂತ. ನನಗೆ ಅವನ ಆಸ್ಕರ್‌ಗಿಂತ ಇದು ದೊಡ್ಡದಾಗಿ ಕಾಣುತ್ತೆ. ನಗಿಸೋದು ಹೇಗೆ ಅಂತ ಬಲ್ಲವರು ಬೇಕಾದಷ್ಟು ಜನ ಇದ್ದಾರೆ. ನಗು ಇನ್ನೊಬ್ಬರಿಗೆ ಸಿಗಲಿ ಅಂತ ಗಂಭೀರವಾಗಿ ನಿಲ್ಲೋದು ಬೇರೆಯದೇ ವಿದ್ಯೆ.

ಸಿನಿಮಾ ಪೂರ್ತಿ ಬಿಡಲಿಲ್ಲ. ಬೇರೆಯವರ ಚಿತ್ರಗಳಲ್ಲಿ ನಟಿಸ್ತಾ ಇದ್ದ. ಜೋಕರ್‌ಗಳ ಬಗ್ಗೆ ಫೆಲಿನಿ ಮಾಡಿದ ಚಿತ್ರದಲ್ಲಿ ಗಂಡ ಹೆಂಡತಿ ಇಬ್ಬರೂ ಕಾಣಿಸ್ತಾರೆ. ಜೆರ್ರಿ ಲೂಯಿಸ್ 1972ರಲ್ಲಿ ತೆಗೆದ 'ದ ಡೇ ದ ಕ್ಲೌನ್ ಕ್ರೈಡ್' ಚಿತ್ರದಲ್ಲೂ ಇದ್ದ. ಆ ಚಿತ್ರವೂ ಬಿಡುಗಡೆ ಕಾಣದೆ ಪೆಟ್ಟಿಗೆ ಸೇರಿತು. ಬೀಗದ ಯೋಗ ಇವನ ಜಾತಕದಲ್ಲೇ ಇತ್ತೇನೋ. ನಾಟಕ ಬರೆದ, ಟಿವಿಗೆ ಕೆಲಸ ಮಾಡಿದ. ಒಶಿಮಾನ 'ಮ್ಯಾಕ್ಸ್ ಮೋನ್ ಅಮೂರ್'ನಲ್ಲಿ ಪತ್ತೇದಾರನಾದ. 2011ರಲ್ಲಿ ಬಂದ ಕೌರಿಸ್ಮಾಕಿಯ 'ಲ ಆವ್ರ್' ನೋಡಿದ್ದರೆ, ಅದರಲ್ಲಿನ ಮುದುಕ ಡಾಕ್ಟರು ಇವನೇ. ನಾನು ಮೊದಲ ಸಲ ನೋಡುವಾಗ ಡಾಕ್ಟರ ಕೈಗಳನ್ನೇ ನೋಡ್ತಾ ಕೂತಿದ್ದೆ.

ಇನ್ನು ಆ ಬೀಗದ ಕಥೆ. 2004ರಲ್ಲಿ ಎತೆಕ್ಸ್, ಕ್ಯಾರಿಯೇರ್ ಇಬ್ಬರೂ ಹಳೆಯ ಚಿತ್ರಗಳನ್ನ ಸರಿಪಡಿಸಿ ಮತ್ತೆ ಜನರ ಮುಂದೆ ತರ್ತಾರೆ ಅನ್ನೋ ನಂಬಿಕೆಯಲ್ಲಿ ಒಂದು ಕಂಪನಿಗೆ ಹಕ್ಕು ಬರೆದುಕೊಟ್ಟರು. ಚಿತ್ರಗಳು ಹೊರಗೆ ಬರಲಿಲ್ಲ. ಮಾಡಿದವರೇ ತೋರಿಸೋಣ ಅಂದರೂ ಆಗುವ ಹಾಗಿರಲಿಲ್ಲ. ವ್ಯವಹಾರ ಕೋರ್ಟು ಹತ್ತಿತು. ಅಷ್ಟರಲ್ಲಿ ನೆಗೆಟಿವ್‌ಗಳು ಹಳತಾಗ್ತಿದ್ದವು, ಮನುಷ್ಯನೂ ಹಳಬನಾಗ್ತಿದ್ದ. ಆಗ ಒಂದು ಮನವಿ ಹೊರಟಿತು. 50 ಸಾವಿರಕ್ಕೂ ಹೆಚ್ಚು ಜನ ಸಹಿ ಹಾಕಿದರು. ನನಗೆ ಈ ಇಡೀ ಕಥೆಯಲ್ಲಿ ಗಂಟಲು ಕಟ್ಟೋದು ಇಲ್ಲಿ. ಸಹಿ ಮಾಡಿದವರಲ್ಲಿ ಎಷ್ಟೋ ಮಂದಿ ಆ ಚಿತ್ರಗಳನ್ನ ನೋಡಿರಲಿಕ್ಕೇ ಸಾಧ್ಯವಿಲ್ಲ. ನೋಡಿ ಮೆಚ್ಚಿದ್ದಕ್ಕೆ ಹಾಕಿದ ಸಹಿ ಅಲ್ಲ ಅದು, ನೋಡೋಕೆ ಬಿಡಿ ಅಂತ ಹಾಕಿದ ಸಹಿ.

ಕೊನೆಗೆ ಹಕ್ಕು ವಾಪಸು ಬಂತು. ಚಿತ್ರಗಳನ್ನ ಒಂದೊಂದಾಗಿ ತೊಳೆದು ಒರೆಸಿ ಸರಿಪಡಿಸಿದರು. 2010ರಲ್ಲಿ ಕಾನ್ ಚಿತ್ರೋತ್ಸವದಲ್ಲಿ 'ಲ ಗ್ರಾಂದ್ ಅಮೂರ್' ತೋರಿಸಿದರು, ಅದೇ ಬೇಸಿಗೆಯಲ್ಲಿ ಎಲ್ಲ ಚಿತ್ರಗಳೂ ಫ್ರಾನ್ಸಿನ ಥಿಯೇಟರುಗಳಿಗೆ ಮರಳಿದವು. ಎತೆಕ್ಸ್‌ಗೆ ಆಗ 81 ವರ್ಷ. ತಾತಿಗೆ ಕೊನೆಗಾಲದಲ್ಲಿ ಈ ಭಾಗ್ಯ ಇರಲಿಲ್ಲ. 'ಪ್ಲೇಟೈಮ್' ಚಿತ್ರದ ಸಾಲಕ್ಕೆ ತನ್ನ ಚಿತ್ರಗಳ ಹಕ್ಕನ್ನೇ ಕಳಕೊಂಡವನು ಆತ. ಗುರುವಿಗೂ ಶಿಷ್ಯನಿಗೂ ಒಂದೇ ಪೆಟ್ಟು ಬಿದ್ದಿತ್ತು. ಶಿಷ್ಯನ ಆಯಸ್ಸು ಗಟ್ಟಿ ಇತ್ತು, ಅಷ್ಟೇ.

ನಮ್ಮಲ್ಲಿ ಸಿನಿಮಾ ಕಳೆದುಹೋಗೋದು ಬೇರೆ ರೀತಿ. ಕನ್ನಡದ ಮೊದಲ ಟಾಕಿ 1934ರ 'ಸತಿ ಸುಲೋಚನ' ಇವತ್ತು ಯಾರಿಗೂ ನೋಡೋಕೆ ಸಿಗಲ್ಲ, ಪ್ರಿಂಟೇ ಉಳಿದಿಲ್ಲ. ಉಳಿಸಿಕೊಳ್ಳದೆ ಕಳಕೊಂಡಿದ್ದು ನಾವು. ಅಲ್ಲಿ ಎಲ್ಲವನ್ನೂ ಉಳಿಸಿಕೊಂಡು ಬೀಗ ಹಾಕಿಟ್ಟರು. ನೋಡಬೇಕಾದವನಿಗೆ ಎರಡೂ ಒಂದೇ. ಒಂದೇ ಒಂದು ವ್ಯತ್ಯಾಸ ಏನಪ್ಪಾ ಅಂದರೆ, ಬೀಗವನ್ನ ಐವತ್ತು ಸಾವಿರ ಜನ ಸೇರಿ ತೆಗೆಸಬಹುದು. ಬೂದಿಯ ಹತ್ತಿರ ಮನವಿ ಕೊಡೋಕಾಗಲ್ಲ.

ಸರ್ಕಸ್ಸಿನ ನಗುವಿಗೆ ಬೀಗ ಹಾಕೋಕಾಗಲ್ಲ, ಅದಕ್ಕೇ ಎತೆಕ್ಸ್ ಅಲ್ಲಿಗೆ ಹೋದ ಅಂತ ಚೆಂದಕ್ಕೆ ಹೇಳಿ ಮುಗಿಸಬಹುದು. ಆದರೆ ಅದು ಅರ್ಧ ಸತ್ಯ. ಆ ನಗುವನ್ನ ಕೂಡಿಡೋಕೂ ಆಗಲ್ಲ. ಬಿಳಿ ಮುಖದ ಎತೆಕ್ಸ್ ಪಕ್ಕ ಕೆಂಪು ಮೂಗಿನ ಆನಿ ಆಡಿದ ಆ ಸಂಜೆಗಳು ಆ ಡೇರೆಯಲ್ಲಿ ಕೂತವರ ಪಾಲಿಗೆ ಹೋದವು. 1997ರಲ್ಲಿ ಆನಿ ತೀರಿಕೊಂಡಳು, 2016ರ ಅಕ್ಟೋಬರ್‌ನಲ್ಲಿ ಎತೆಕ್ಸ್. ದೂರದ ಊರಿನ ಒಬ್ಬ ಅಮ್ಮನವರೆಗೆ ಬಂದು ಮುಟ್ಟಿದ್ದು ಡಬ್ಬದೊಳಗಿನ ನಗುವೇ. ಎರಡೂ ಬೇಕು ಅಂತ ಅವನಿಗೆ ಗೊತ್ತಿತ್ತು ಅಂತ ಕಾಣುತ್ತೆ. ಇಲ್ಲದಿದ್ದರೆ ಎಂಬತ್ತರ ವಯಸ್ಸಲ್ಲಿ ಕೋರ್ಟು ಕಚೇರಿ ಯಾಕೆ ಬೇಕಿತ್ತು ಹೇಳಿ?

ಈಗ ಆ ಚಿತ್ರಗಳೆಲ್ಲ ಡಿವಿಡಿಯಲ್ಲಿ ಸಿಗ್ತವೆ. ನೋಡುವ ಮನಸ್ಸಿದ್ದರೆ ಮೊದಲು ಆ ವಾರ್ಷಿಕೋತ್ಸವದ ಕಿರುಚಿತ್ರ ನೋಡಿ, ಆಮೇಲೆ 'ಯೋಯೋ'ಗೆ ಹೋಗಿ. ಮನೆಯವರನ್ನೂ ಜೊತೆಗೆ ಕೂರಿಸಿಕೊಳ್ಳಿ. ಯಾರು ಯಾವ ಜಾಗದಲ್ಲಿ ನಗ್ತಾರೆ ಅಂತ ಗಮನಿಸ್ತಾ ಇರಿ.